ಸೆರೆಮನೆಯ ರಜೆ: ಅದರ ಅರ್ಥ ಮತ್ತು ಮಿತಿ

(ಶಾಲೆಯ ವಾರ್ಷಿಕ ಸ್ನೇಹ ಸಮ್ಮೇಳನದಲ್ಲಿ ಮಾಡಿದ ಭಾಷಣ)



ನಾವು ವೃತ್ತಿಯಿಂದ ವಕೀಲರು. ಈ ಸಮ್ಮೇಳನದಲ್ಲಿ ಮಕ್ಕಳಿಗೆ ತಿಳಿಯುವಂತೆ ಕಾಯದೆಯ ಒಂದು ವಿಷಯವನ್ನು ಹೇಳಬೇಕೆಂದು ಮುಖ್ಯಾಧ್ಯಾಪಕರು ನಮ್ಮನ್ನು ಕೇಳಿಕೊಂಡಿದ್ದಾರೆ. ನಾವು ಆರಿಸಿಕೊಂಡ ವಿಷಯ ಸ್ವಲ್ಪ ಅಪರೂಪದ್ದು. ಹಾಡು, ನಾಟಕ, ಬಹುಮಾನಗಳ ಈ ಸಂತೋಷದ ದಿನ ಸೆರೆಮನೆಯ ಮಾತೇಕೆ ಎಂದು ಕೆಲವರಿಗೆ ಅನ್ನಿಸಬಹುದು. ಆದುದರಿಂದ ಅದರ ಕಾರಣವನ್ನು ಮೊದಲು ಅರಿಕೆ ಮಾಡಿಕೊಳ್ಳುತ್ತೇವೆ.

ಕೆಲವು ಕಾಲದ ಹಿಂದೆ ಗಡಿಯ ಹಳ್ಳಿಯೊಂದರಿಂದ ತಾಯಿಯೊಬ್ಬಳು ಒಂದು ಸರಕಾರಿ ಕಾಗದವನ್ನು ಸೆರಗಿನಲ್ಲಿ ಕಟ್ಟಿಕೊಂಡು ನಮ್ಮ ಮನೆಗೆ ಬಂದಳು. ಆಕೆಗೆ ಕನ್ನಡವೊಂದೇ ಬರುತ್ತಿತ್ತು, ಕಾಗದ ಮರಾಠಿಯಲ್ಲಿತ್ತು. ಸಂಗಡ ಅವಳ ಮಗನಿದ್ದನು. ನಮ್ಮಂಥ ಒಂದು ಶಾಲೆಯಲ್ಲಿ ಏಳನೆಯ ತರಗತಿಯಲ್ಲಿ ಓದುವ ಹುಡುಗ. ಅವನ ತಂದೆ ಪುಣೆಯ ಯರವಡಾ ಕಾರಾಗೃಹದಲ್ಲಿ ಶಿಕ್ಷೆಯನ್ನು ಅನುಭವಿಸುತ್ತಿದ್ದನು. ತಂದೆಗೆ ಎರಡು ವಾರ ಮನೆಗೆ ಬರಲು ರಜೆ ಮಂಜೂರಾಗಬಹುದೆಂದೂ, ಅದಕ್ಕೆ ಜಾಮೀನುದಾರರು ಬೇಕೆಂದೂ ಆ ಕಾಗದದಲ್ಲಿ ಬರೆದಿತ್ತು. ನಾವು ಓದಿ ಹೇಳಿದೆವು. ತಾಯಿ ಕಣ್ಣೀರು ಒರೆಸಿಕೊಂಡಳು. ಅಷ್ಟರವರೆಗೆ ಸುಮ್ಮನೆ ಕುಳಿತಿದ್ದ ಹುಡುಗ ತಲೆಯೆತ್ತಿ, “ಅಜ್ಜಾರ, ಅಪ್ಪ ಮನೀಗೆ ಬಂದ ಮ್ಯಾಲೆ ತಿರುಗಿ ಯಾಕ ಹೋಗಬೇಕ್ರಿ?” ಎಂದು ಕೇಳಿದನು.

ನ್ಯಾಯಾಲಯದಲ್ಲಿ ಎದುರು ಪಕ್ಷದ ವಕೀಲರ ಎಷ್ಟೋ ಪ್ರಶ್ನೆಗಳಿಗೆ ನಾವು ಉತ್ತರ ಕೊಟ್ಟಿದ್ದೇವೆ. ಈ ಹುಡುಗನ ಪ್ರಶ್ನೆಗೆ ಆ ದಿನ ಸರಿಯಾದ ಉತ್ತರವನ್ನು ಕೊಡಲಾಗಲಿಲ್ಲ. “ಕಾಯದೆ ಹಾಗಿದೆ, ಮಗು” ಎಂದು ಹೇಳಿ ಕಳುಹಿಸಿದೆವು. ಅದು ಉತ್ತರವಲ್ಲವೆಂಬುದು ನಮಗೂ ತಿಳಿದಿತ್ತು, ಅವನಿಗೂ ತಿಳಿದಿತ್ತು. ಆ ದಿನ ಕೊಡದೆ ಉಳಿದ ಉತ್ತರವನ್ನೇ ಇಂದು ನಿಮ್ಮೆಲ್ಲರ ಮುಂದೆ ಕೊಡಲು ಯತ್ನಿಸುತ್ತೇವೆ.

ಮೊದಲು ಎರಡು ಶಬ್ದಗಳನ್ನು ತಿಳಿದುಕೊಳ್ಳೋಣ. ಮಹಾರಾಷ್ಟ್ರದ ಸೆರೆಮನೆಗಳ ಕಾಗದಪತ್ರಗಳಲ್ಲಿ ಬಂದಿಗಳಿಗೆ ಕೊಡುವ ರಜೆಯನ್ನು ಎರಡು ಹೆಸರುಗಳಿಂದ ಕರೆಯುತ್ತಾರೆ. ಒಂದು ‘ಸಂಚಿತ ರಜಾ’, ಇಂಗ್ಲಿಷಿನಲ್ಲಿ ಫರ್ಲೋ. ಇನ್ನೊಂದು ‘ಅಭಿವಚನ ರಜಾ’, ಇಂಗ್ಲಿಷಿನಲ್ಲಿ ಪೆರೋಲ್. ಸಂಚಿತವೆಂದರೆ ಕೂಡಿಟ್ಟದ್ದು, ಶಿಕ್ಷೆಯನ್ನು ಅನುಭವಿಸುತ್ತ ಹೋದಂತೆ ಸಂಪಾದಿಸಿದ ರಜೆ. ಅಭಿವಚನವೆಂದರೆ ಕೊಟ್ಟ ಮಾತು. ಪೆರೋಲ್ ಎಂಬುದು ಮೂಲತಃ ಫ್ರೆಂಚ್ ಶಬ್ದ. ಅದರ ಅರ್ಥವೂ ಮಾತು, ವಚನ ಎಂದೇ. ಹಿಂದಿನ ಕಾಲದಲ್ಲಿ ಯುರೋಪಿನ ಯುದ್ಧಗಳಲ್ಲಿ ಸೆರೆಸಿಕ್ಕ ಯೋಧನು, ತಾನು ಓಡಿಹೋಗುವುದಿಲ್ಲ, ಅಥವಾ ಮತ್ತೆ ಆಯುಧ ಹಿಡಿಯುವುದಿಲ್ಲ ಎಂದು ಮರ್ಯಾದೆಯ ಮೇಲೆ ಮಾತು ಕೊಟ್ಟರೆ ಅವನನ್ನು ಬಿಡುವ ಪದ್ಧತಿಯಿತ್ತು. ಆ ಮಾತೇ ಇಂದಿನ ಕಾಯದೆಯ ಪೆರೋಲ್ ಆಯಿತು.

ಕೊಟ್ಟ ಮಾತಿನ ಮೇಲೆ ಬಿಡುಗಡೆ ಎಂದೊಡನೆ ಕನ್ನಡದ ಮಕ್ಕಳಿಗೆ ಯಾರ ನೆನಪಾಗಬೇಕು? ಪುಣ್ಯಕೋಟಿಯ ನೆನಪಾಗಬೇಕು. ಹುಲಿಯ ಬಾಯಿಗೆ ಸಿಕ್ಕ ಆ ಹಸು ಪ್ರಾಣವನ್ನು ಉಳಿಸೆಂದು ಬೇಡಲಿಲ್ಲ. ಕರುವಿಗೆ ಒಂದು ಸಲ ಹಾಲೂಡಿ ತಿರುಗಿ ಬರುವಷ್ಟು ಹೊತ್ತನ್ನು ಮಾತ್ರ ಬೇಡಿತು. ದೊಡ್ಡಿಗೆ ಹೋಗಿ ಕರುವನ್ನು ಒಡಹುಟ್ಟಿದವರ ಕೈಗೊಪ್ಪಿಸಿ, ಆಡಿದ ಮಾತಿನಂತೆ ಹುಲಿಯ ಮುಂದೆ ಬಂದು ನಿಂತಿತು. ಪುಣ್ಯಕೋಟಿ ಯಾವ ತಪ್ಪನ್ನೂ ಮಾಡಿದವಳಲ್ಲ. ಸೆರೆಮನೆಯಲ್ಲಿರುವವನು ನ್ಯಾಯಾಲಯದಲ್ಲಿ ತಪ್ಪಿತಸ್ಥನೆಂದು ಸಿದ್ಧನಾದವನು. ಈ ಭೇದವನ್ನು ನಾವು ಮರೆಯಲಾಗದು. ಆದರೆ ಆ ಕಥೆಯಲ್ಲಿರುವ ಮೂರು ಸಂಗತಿಗಳು ನಮ್ಮ ವಿಷಯಕ್ಕೂ ಸಲ್ಲುತ್ತವೆ. ಮನೆಯಲ್ಲಿ ಕಾಯುವ ಕರುವಿದೆ. ಹಿಂತಿರುಗಿ ಬರುವೆನೆಂಬ ಮಾತಿದೆ. ಹೋದವರ ಹಿಂದೆ ಕರುವನ್ನು ನೋಡಿಕೊಳ್ಳುವ ಬಳಗವಿದೆ. ಈ ಮೂರನ್ನೂ ನೆನಪಿನಲ್ಲಿಟ್ಟುಕೊಂಡು ಕಾಯದೆಯ ಕಡೆಗೆ ಹೋಗೋಣ.

ಭಾರತದ ಸೆರೆಮನೆಗಳು ಬಹುಕಾಲ ನಡೆದು ಬಂದದ್ದು 1894ರ ಕಾರಾಗೃಹ ಕಾಯದೆಯ ಮೇಲೆ. ಅದು ಬ್ರಿಟಿಷರು ಮಾಡಿದ ಕಾಯದೆ. ಗೋಡೆ, ಬೀಗ, ಕಾವಲು, ಕೆಲಸ, ದಂಡನೆ ಇವುಗಳನ್ನು ಕುರಿತು ಅದು ವಿವರವಾಗಿ ಹೇಳಿತು. ಬಂದಿಯು ಮನೆಗೆ ಹೋಗಿಬರುವ ಮಾತು ಆಗ ಅದರಲ್ಲಿರಲಿಲ್ಲ. ಹಾಗಾದರೆ ಆ ಕಾಲದಲ್ಲಿ ಬಂದಿಯ ಮನೆಯಲ್ಲಿ ಯಾರಾದರೂ ಸಾಯುವ ಸ್ಥಿತಿಯಲ್ಲಿದ್ದರೆ ಏನಾಗುತ್ತಿತ್ತು? ಆಳುವವರ ಮನಸ್ಸಿಗೆ ಬಂದಂತೆ ಆಗುತ್ತಿತ್ತು. ಇದಕ್ಕೆ ನಮ್ಮ ಸ್ವಾತಂತ್ರ್ಯದ ಇತಿಹಾಸದಿಂದಲೇ ಎರಡು ಪ್ರಸಂಗಗಳನ್ನು ಹೇಳುತ್ತೇವೆ.

1934ರಲ್ಲಿ ಜವಾಹರಲಾಲ ನೆಹರೂ ಅವರು ಎರಡು ವರ್ಷಗಳ ಶಿಕ್ಷೆಗೆ ಗುರಿಯಾಗಿ ಡೆಹರಾಡೂನಿನ ಸೆರೆಮನೆಯಲ್ಲಿದ್ದರು. ಅಲಹಾಬಾದಿನ ಮನೆಯಲ್ಲಿ ಪತ್ನಿ ಕಮಲಾ ಅವರ ಆರೋಗ್ಯ ಬಹಳ ಕೆಟ್ಟಿತು. ಆಗಸ್ಟ್ ತಿಂಗಳಲ್ಲಿ ಸರಕಾರವು ನೆಹರೂ ಅವರನ್ನು ತಾತ್ಕಾಲಿಕವಾಗಿ ಬಿಡುಗಡೆ ಮಾಡಿ ಮನೆಗೆ ಕಳುಹಿಸಿತು. ಎಷ್ಟು ದಿನವೆಂದು ಹೇಳಲಿಲ್ಲ. ಹನ್ನೊಂದನೆಯ ದಿನ ಪೊಲೀಸರು ಬಂದು ಅವರನ್ನು ತಿರುಗಿ ಕರೆದೊಯ್ದರು. ರಾಜಕಾರಣದಿಂದ ದೂರವಿರುವೆನೆಂದು ಒಂದು ಮಾತು ಕೊಟ್ಟರೆ ಉಳಿದ ಶಿಕ್ಷೆಯ ಕಾಲ ಪತ್ನಿಯ ಬಳಿ ಇರಬಹುದೆಂಬ ಸೂಚನೆಯೂ ಬಂದಿತು. ಅಂತಹ ಮಾತನ್ನು ಕೊಡಬೇಡಿರೆಂದು ಹಾಸಿಗೆ ಹಿಡಿದಿದ್ದ ಕಮಲಾ ಅವರೇ ಪತಿಗೆ ಹೇಳಿದರು. ನೆಹರೂ ಕೊಡಲಿಲ್ಲ. 1935ರ ಸೆಪ್ಟೆಂಬರಿನಲ್ಲಿ ಅವರ ಬಿಡುಗಡೆಯಾಯಿತು. 1936ರ ಫೆಬ್ರವರಿ 28ರಂದು ಕಮಲಾ ಅವರು ಸ್ವಿಟ್ಜರ್ಲೆಂಡಿನ ಲೊಸಾನ್ ನಗರದಲ್ಲಿ ತೀರಿಕೊಂಡರು.

ಎರಡನೆಯದು ನಮ್ಮ ಪ್ರಾಂತದಲ್ಲಿಯೇ ನಡೆದದ್ದು. 1942ರ ಆಗಸ್ಟಿನಲ್ಲಿ ಕಾಂಗ್ರೆಸ್ಸಿನ ಅಧ್ಯಕ್ಷರಾಗಿದ್ದ ಮೌಲಾನಾ ಅಬುಲ್ ಕಲಾಂ ಆಜಾದರನ್ನು ಬಂಧಿಸಿ ಅಹಮದನಗರದ ಕೋಟೆಯಲ್ಲಿಟ್ಟರು. 1943ರಲ್ಲಿ ಕಲ್ಕತ್ತೆಯಲ್ಲಿದ್ದ ಅವರ ಪತ್ನಿ ಜುಲೈಖಾ ಬೇಗಂ ಅವರ ಸ್ಥಿತಿ ವಿಷಮಿಸಿತು. ಏನಾದರೂ ಬೇಡಿಕೆಯಿದ್ದರೆ ಸರಕಾರಕ್ಕೆ ಕೂಡಲೇ ತಲುಪಿಸುವುದಾಗಿ ಸೆರೆಮನೆಯ ಅಧಿಕಾರಿ ತಿಳಿಸಿದನು. ಆಳುವವರ ಮುಂದೆ ಬೇಡಿಕೆಯನ್ನಿಡಲು ಮೌಲಾನಾ ಒಪ್ಪಲಿಲ್ಲ. ಆ ವರ್ಷದ ಏಪ್ರಿಲಿನಲ್ಲಿ ಪತ್ನಿ ತೀರಿಕೊಂಡ ಸುದ್ದಿ ಕೋಟೆಯೊಳಗೇ ಅವರಿಗೆ ಮುಟ್ಟಿತು. ಕೊನೆಯ ದರ್ಶನವಾಗಲಿಲ್ಲ.

ಇವರಿಬ್ಬರೂ ಕಳ್ಳತನ ಕೊಲೆಗಳಿಗಾಗಿ ಸೆರೆಗೆ ಹೋದವರಲ್ಲ. ಇವರ ತ್ಯಾಗವನ್ನು ಸಾಮಾನ್ಯ ಅಪರಾಧಿಯೊಡನೆ ಹೋಲಿಸಲು ನಾವು ಇದನ್ನು ಹೇಳುತ್ತಿಲ್ಲ. ದೇಶದ ಅಷ್ಟು ದೊಡ್ಡವರಿಗೂ ಸಾಯುತ್ತಿರುವ ಹೆಂಡತಿಯ ಮುಖವನ್ನು ನೋಡುವುದು ಸರಕಾರದ ಕೃಪೆಯ ಮಾತಾಗಿತ್ತು ಎಂಬುದನ್ನು ನೀವು ಗಮನಿಸಬೇಕು. ಬರೆದ ನಿಯಮವಿಲ್ಲದ ಕಡೆ ದೊಡ್ಡವನೂ ಬೇಡಬೇಕಾಗುತ್ತದೆ. ಬಡವನಿಗೆ ಬೇಡುವ ದಾರಿಯೂ ತಿಳಿದಿರುವುದಿಲ್ಲ. ನಿಯಮವನ್ನು ಬರೆದಿಡುವುದರ ಬೆಲೆ ಇಲ್ಲಿದೆ.

ಸ್ವಾತಂತ್ರ್ಯದ ಅನಂತರ ಮುಂಬಯಿ ರಾಜ್ಯವು 1894ರ ಕಾಯದೆಗೆ ತಿದ್ದುಪಡಿ ಮಾಡಿ ಫರ್ಲೋ ಮತ್ತು ಪೆರೋಲುಗಳಿಗೆ ಸ್ಥಾನ ಕೊಟ್ಟಿತು. 1959ರಲ್ಲಿ ಇದಕ್ಕಾಗಿಯೇ ಪ್ರತ್ಯೇಕ ನಿಯಮಗಳನ್ನು ಮಾಡಿತು. ಆಗ ಗುಜರಾತವೂ ಮುಂಬಯಿ ರಾಜ್ಯದಲ್ಲಿತ್ತು. 1960ರ ಮೇ 1ರಂದು ಎರಡು ರಾಜ್ಯಗಳಾದ ಮೇಲೂ ಎರಡೂ ಕಡೆ ಅವೇ ನಿಯಮಗಳು ಮುಂದುವರಿದವು. ಜಗತ್ತಿನಲ್ಲಿಯೂ ಆ ಕಾಲದಲ್ಲಿ ಇದೇ ಗಾಳಿ ಬೀಸುತ್ತಿತ್ತು. 1955ರಲ್ಲಿ ಜಿನೀವಾದಲ್ಲಿ ಸೇರಿದ ಸಂಯುಕ್ತ ರಾಷ್ಟ್ರಗಳ ಸಮ್ಮೇಳನವು ಬಂದಿಗಳನ್ನು ನಡೆಸಿಕೊಳ್ಳುವ ಕನಿಷ್ಠ ನಿಯಮಗಳನ್ನು ಒಪ್ಪಿತು. ಹತ್ತಿರದ ಬಂಧು ಪ್ರಾಣಾಪಾಯದಲ್ಲಿದ್ದರೆ, ಸಂದರ್ಭ ಅನುಕೂಲವಾಗಿದ್ದಾಗ, ಕಾವಲಿನೊಡನೆಯೋ ಒಂಟಿಯಾಗಿಯೋ ಹೋಗಿ ನೋಡಲು ಬಂದಿಗೆ ಅನುಮತಿ ಕೊಡಬೇಕೆಂಬುದು ಅವುಗಳಲ್ಲಿ ಒಂದು.

ಇನ್ನು ನಿಯಮಗಳ ಒಳಗನ್ನು ನೋಡೋಣ. ಫರ್ಲೋ ರಜೆಗೆ ಕಾರಣವನ್ನು ತೋರಿಸಬೇಕಾಗಿಲ್ಲ. ಬಹಳ ಕಾಲ ಗೋಡೆಯೊಳಗೇ ಇದ್ದ ಮನುಷ್ಯನು ಹೆಂಡತಿ ಮಕ್ಕಳ ನಂಟನ್ನೂ ಊರಿನ ಬಳಕೆಯನ್ನೂ ಕಳೆದುಕೊಳ್ಳಬಾರದು, ಶಿಕ್ಷೆ ಮುಗಿದ ದಿನ ಅಪರಿಚಿತನಂತೆ ಊರಿಗೆ ಬರಬಾರದು ಎಂಬುದೇ ಅದರ ಉದ್ದೇಶ. 1959ರಲ್ಲಿ ಬರೆದಂತೆ, ಒಂದು ವರ್ಷಕ್ಕೆ ಮೇಲ್ಪಟ್ಟು ಐದು ವರ್ಷಗಳವರೆಗೆ ಶಿಕ್ಷೆಯಾದವನಿಗೆ, ನಿಜವಾಗಿ ಸೆರೆಯಲ್ಲಿ ಕಳೆದ ಪ್ರತಿಯೊಂದು ವರ್ಷಕ್ಕೆ ಎರಡು ವಾರ ರಜೆ ದೊರೆಯಬಹುದಾಗಿತ್ತು. ಐದು ವರ್ಷಗಳಿಗೆ ಮೇಲ್ಪಟ್ಟ ಶಿಕ್ಷೆಯವನಿಗೆ ಪ್ರತಿ ಎರಡು ವರ್ಷಕ್ಕೆ ಎರಡು ವಾರ. ಶಿಕ್ಷೆಯ ಕೊನೆಯ ಐದು ವರ್ಷಗಳಲ್ಲಿ ಪ್ರತಿ ವರ್ಷವೂ. ಜೀವಾವಧಿ ಶಿಕ್ಷೆಯವನಿಗೆ ಏಳು ವರ್ಷಗಳ ನಿಜವಾದ ಸೆರೆವಾಸ ಮುಗಿದ ಮೇಲೆ ಪ್ರತಿ ವರ್ಷ. ಮಹಾರಾಷ್ಟ್ರ ಸರಕಾರವು ಮುಂದೆ 2012, 2016, 2018ರಲ್ಲಿ ಈ ನಿಯಮಗಳನ್ನು ತಿದ್ದಿತು. ದಿನಗಳ ಲೆಕ್ಕವೂ ಬದಲಾಯಿತು. ಆದುದರಿಂದ ಯಾರ ಮನೆಗಾದರೂ ಇದರ ಅಗತ್ಯ ಬಿದ್ದರೆ ನಮ್ಮ ಭಾಷಣದ ಲೆಕ್ಕವನ್ನು ನಂಬಿ ಕೂಡದೆ, ಆ ದಿನ ಜಾರಿಯಲ್ಲಿರುವ ನಿಯಮವನ್ನು ಕೇಳಿ ತಿಳಿಯಬೇಕು.

ಪೆರೋಲಿಗೆ ಕಾರಣ ಬೇಕು. ಮನೆಯವರ ಅಥವಾ ಹತ್ತಿರದ ಬಂಧುವಿನ ತೀವ್ರ ಕಾಯಿಲೆ, ಸಾವು, ಅಥವಾ ಬೇರೆ ಸಾಕಷ್ಟು ಕಾರಣ ಎಂದು 1959ರ ನಿಯಮ ಹೇಳಿತು. ಮುಂದಿನ ತಿದ್ದುಪಡಿಗಳಲ್ಲಿ ಇದನ್ನು ಎರಡಾಗಿ ವಿಂಗಡಿಸಿದರು. ಸಾವು, ಮದುವೆ ಇಂತಹ ಕಾಯಲಾಗದ ಸಂದರ್ಭಗಳಿಗೆ ತುರ್ತು ಪೆರೋಲ್. ಕಾಯಿಲೆ, ಹೆಂಡತಿಯ ಬಾಣಂತನ, ನೆರೆ ಬೆಂಕಿಗಳಿಂದ ಮನೆ ಬಿದ್ದುಹೋಗುವುದು ಇಂತಹವುಗಳಿಗೆ ಸಾಮಾನ್ಯ ಪೆರೋಲ್. ಫರ್ಲೋವನ್ನು ಕೊಡುವ ಅಧಿಕಾರ ಸೆರೆಮನೆ ಇಲಾಖೆಯ ಮೇಲಧಿಕಾರಿಗಳಲ್ಲಿ ಇದ್ದರೆ, ಪೆರೋಲನ್ನು ಕೊಡುವುದು ವಿಭಾಗದ ಆಯುಕ್ತರ ಕೈಯಲ್ಲಿ ಇದ್ದಿತು.

ಇವೆರಡಕ್ಕೂ ಇನ್ನೊಂದು ದೊಡ್ಡ ಅಂತರವುಂಟು. ಲೆಕ್ಕ ಬಲ್ಲ ವಿದ್ಯಾರ್ಥಿಗಳು ಇದನ್ನು ಗಮನವಿಟ್ಟು ಕೇಳಬೇಕು. ಫರ್ಲೋ ರಜೆಯ ದಿನಗಳನ್ನು ಶಿಕ್ಷೆಯ ಲೆಕ್ಕದಲ್ಲಿ ಮಾಫಿ ಎಂದು ಹಿಡಿಯುತ್ತಾರೆ. ಮೂರು ವರ್ಷದ ಶಿಕ್ಷೆಯವನು ಎರಡು ವಾರ ಮನೆಯಲ್ಲಿದ್ದು ನೇಮದಂತೆ ಹಿಂತಿರುಗಿದರೆ, ಆ ಹದಿನಾಲ್ಕು ದಿನಗಳೂ ಮೂರು ವರ್ಷದೊಳಗೇ ಸೇರುತ್ತವೆ. ಪೆರೋಲಿನ ದಿನಗಳು 1959ರ ನಿಯಮಗಳಂತೆ ಹಾಗೆ ಸೇರುವುದಿಲ್ಲ. ಮೂವತ್ತು ದಿನ ಪೆರೋಲಿನಲ್ಲಿ ಇದ್ದವನು ಮೂವತ್ತು ದಿನಗಳನ್ನು ಕೊನೆಯಲ್ಲಿ ಸೆರೆಯಲ್ಲಿಯೇ ಕಳೆಯಬೇಕು. ಒಂದು ಗಳಿಸಿದ ರಜೆ. ಇನ್ನೊಂದು ಕಷ್ಟಕಾಲಕ್ಕೆ ತಂದ ಕಡ. ಕಡವನ್ನು ತೀರಿಸಲೇಬೇಕು.

ಜಾಮೀನಿನ ಮೇಲೆ ಬಿಡುಗಡೆಯಾಗುವುದಕ್ಕೂ ಇದಕ್ಕೂ ವ್ಯತ್ಯಾಸವಿದೆ. ಊರಿನಲ್ಲಿ ಎರಡನ್ನೂ ‘ಬೇಲ್ ಮೇಲೆ ಬಂದಾನ’ ಎಂದು ಒಂದೇ ಮಾತಿನಲ್ಲಿ ಹೇಳಿಬಿಡುತ್ತಾರೆ. ಬೇಲನ್ನು ಕೊಡುವುದು ನ್ಯಾಯಾಲಯ. ವಿಚಾರಣೆ ಇನ್ನೂ ನಡೆಯುತ್ತಿರುವವರಿಗೆ, ಅಥವಾ ಮೇಲ್ಮನವಿಯ ತೀರ್ಪನ್ನು ಕಾಯುತ್ತಿರುವವರಿಗೆ ಅದು ಸಿಗುತ್ತದೆ. ಫರ್ಲೋ ಪೆರೋಲುಗಳು ಶಿಕ್ಷೆಯಾದ ಬಂದಿಗೆ ಸರಕಾರದ ಅಧಿಕಾರಿಗಳು ನಿಯಮದಂತೆ ಕೊಡುವ ರಜೆಗಳು. ಪೆರೋಲಿನ ಮೇಲೆ ಹೊರಗಿದ್ದರೂ ಶಿಕ್ಷೆಯ ಆಜ್ಞೆ ನಿಂತುಹೋಗುವುದಿಲ್ಲವೆಂದೂ, ಕಾಯದೆಯ ಕಣ್ಣಿನಲ್ಲಿ ಆ ಮನುಷ್ಯನು ಬಂಧನದಲ್ಲಿಯೇ ಇರುವನೆಂದೂ ಸರ್ವೋಚ್ಚ ನ್ಯಾಯಾಲಯದ ಸಂವಿಧಾನ ಪೀಠವು 2000ದಲ್ಲಿ ವಿವರಿಸಿತು. ಮನೆಯ ಅಂಗಳದಲ್ಲಿ ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡಿದ್ದರೂ ಅವನು ಬಂದಿಯೇ. ಸೆರೆಮನೆಯ ಗೋಡೆಯ ಬದಲು ಅವನ ಸುತ್ತ ಅವನು ಕೊಟ್ಟ ಮಾತು ನಿಂತಿರುತ್ತದೆ. ಹುಡುಗನ ಪ್ರಶ್ನೆಗೆ ಉತ್ತರದ ಮೊದಲ ಭಾಗ ಇದು.

ಈಗ ಮಿತಿಗಳ ವಿಚಾರ. ರಜೆಯನ್ನು ಕೇಳುವುದು ಒಂದು. ‘ನನ್ನ ಹಕ್ಕು, ಕೊಡಲೇಬೇಕು’ ಎಂದು ಹಟ ಹಿಡಿಯುವುದು ಇನ್ನೊಂದು. ಈ ನಿಯಮಗಳಿಂದ ಫರ್ಲೋ ಎಂಬುದು ಬಂದಿಗೆ ಕಾಯದೆಬದ್ಧ ಹಕ್ಕಾಗುವುದಿಲ್ಲವೆಂದು 1959ರ ನಿಯಮಗಳಲ್ಲಿ ಹದಿನೇಳನೆಯದು ಸ್ಪಷ್ಟವಾಗಿ ಹೇಳಿತು. ಮಹಾರಾಷ್ಟ್ರದ ಮೊಕದ್ದಮೆಯೊಂದರಲ್ಲಿ ಸರ್ವೋಚ್ಚ ನ್ಯಾಯಾಲಯವು 2006ರಲ್ಲಿ ಎರಡೂ ರಜೆಗಳ ಭೇದವನ್ನು ವಿವರಿಸಿತು. 2021ರ ಅಕ್ಟೋಬರಿನಲ್ಲಿ ಗುಜರಾತದ ಮೊಕದ್ದಮೆಯೊಂದರಲ್ಲಿ, ಫರ್ಲೋ ನಿರಪೇಕ್ಷ ಹಕ್ಕಲ್ಲ, ಸಾರ್ವಜನಿಕ ಶಾಂತಿಗೆ ಭಂಗ ಬರುವಂತಿದ್ದರೆ ಅದನ್ನು ನಿರಾಕರಿಸಬಹುದು ಎಂದು ಮತ್ತೆ ಹೇಳಿತು.

ದರೋಡೆ, ಸುಲಿಗೆಗಳ ಅಪರಾಧಿಗಳನ್ನು 1959ರ ನಿಯಮಗಳೇ ಫರ್ಲೋದಿಂದ ಹೊರಗಿಟ್ಟವು. ಸೆರೆಯಲ್ಲಿ ನಡತೆ ಕೆಟ್ಟವರು, ಹಿಂದೆ ತಪ್ಪಿಸಿಕೊಂಡು ಓಡಿದವರು, ರಜೆ ಮುಗಿದರೂ ಬಾರದೆ ಉಳಿದವರು ಇವರಿಗೂ ಬಾಗಿಲು ಮುಚ್ಚಿತು. ಮುಂದೆ ಭಯೋತ್ಪಾದನೆಯಂತಹ ಘೋರ ಅಪರಾಧಗಳೂ ಆ ಪಟ್ಟಿಯಲ್ಲಿ ಸೇರಿದವು. ಅರ್ಹನಾದವನ ವಿಷಯದಲ್ಲಿಯೂ ಪೊಲೀಸರು ಊರಿಗೆ ಬಂದು ವಿಚಾರಿಸಿ ವರದಿ ಕಳುಹಿಸುತ್ತಾರೆ. ಬಂಧುವೊಬ್ಬನು ಅವನನ್ನು ಮನೆಗೆ ಕರೆದುಕೊಳ್ಳಲು ಒಪ್ಪಬೇಕು, ಜಾಮೀನು ನಿಲ್ಲಬೇಕು, ಬಂದಿಯು ಮುಚ್ಚಳಿಕೆ ಬರೆದುಕೊಡಬೇಕು. ಗೊತ್ತುಮಾಡಿದ ಊರನ್ನು ಬಿಟ್ಟು ಹೋಗಬಾರದು; ಅಪ್ಪಣೆಯಾದಂತೆ ಪೊಲೀಸ್ ಠಾಣೆಯಲ್ಲಿ ಹಾಜರಿ ಕೊಡಬೇಕು. ಗೊತ್ತಾದ ದಿನ ಬಾರದಿದ್ದರೆ ಗಳಿಸಿದ ಮಾಫಿ ಹೋಗುತ್ತದೆ, ಜಾಮೀನಿನ ಹಣ ಹೋಗುತ್ತದೆ, ಮುಂದಿನ ರಜೆ ಹೋಗುತ್ತದೆ, ಹೊಸ ಮೊಕದ್ದಮೆಯೂ ಬೀಳಬಹುದು.

ಇಷ್ಟೊಂದು ಕಟ್ಟುಪಾಡು ಏಕೆಂದು ಕೆಲವರು ಕೇಳಬಹುದು. ಅದಕ್ಕೆ ಇನ್ನೊಂದು ಮನೆಯ ಕಡೆಗೂ ನೋಡಬೇಕು. ಅಪರಾಧ ನಡೆದ ಊರಿನಲ್ಲಿ ನೊಂದವರ ಮನೆಯೂ ಇರುತ್ತದೆ. ಆ ಮನೆಯಲ್ಲಿಯೂ ಒಬ್ಬ ತಾಯಿಯಿದ್ದಾಳೆ, ಮಕ್ಕಳಿದ್ದಾರೆ. ಯಾರು ತಮ್ಮ ಮನೆಯ ದೀಪವನ್ನು ಆರಿಸಿದನೋ ಅವನು ಒಂದು ಮುಂಜಾನೆ ಅದೇ ಬೀದಿಯಲ್ಲಿ ನಡೆದು ಬರುವುದನ್ನು ಕಂಡರೆ ಅವರ ಮನಸ್ಸಿಗೆ ಹೇಗಾಗಬೇಡ? ಅವರ ಭಯಕ್ಕೂ ದುಃಖಕ್ಕೂ ಕಾಯದೆಯಲ್ಲಿ ಸ್ಥಳವಿರಲೇಬೇಕು. ಬಂದಿಯ ಮಗುವಿಗೆ ತಂದೆ ಬೇಕು. ನೊಂದವರ ಮಗುವಿಗೆ ನ್ಯಾಯ ಬೇಕು. ಈ ಎರಡು ಮಕ್ಕಳ ನಡುವೆ ನಿಂತು ಕಾಯದೆಯು ದಿನಗಳನ್ನು ಎಣಿಸಿ ಕೊಡುತ್ತದೆ. ತಂದೆ ಬರುವುದು ಮೊದಲನೆಯ ಮಗುವಿಗಾಗಿ. ತಿರುಗಿ ಹೋಗುವುದು ಎರಡನೆಯ ಮಗುವಿಗಾಗಿ. ಹುಡುಗನ ಪ್ರಶ್ನೆಗೆ ಉತ್ತರದ ಎರಡನೆಯ ಭಾಗ ಇದು.

ಹಾಗೆಂದು, ಭಯದಿಂದ ಬಾಗಿಲನ್ನೇ ಮುಚ್ಚಬಾರದು. ಬಂದಿಯನ್ನು ತಿದ್ದುವುದೂ ಶಿಕ್ಷೆಯ ಉದ್ದೇಶಗಳಲ್ಲಿ ಒಂದೆಂದೂ, ಒಳ್ಳೆಯ ನಡತೆ ತೋರಿದವನಿಗೆ ಕೆಲವು ದಿನ ಹೊರಗಿನ ಗಾಳಿಯನ್ನು ಉಸಿರಾಡಲು ಅವಕಾಶ ಕೊಡಬೇಕೆಂದೂ ಸರ್ವೋಚ್ಚ ನ್ಯಾಯಾಲಯವು 2017ರ ಸೆಪ್ಟೆಂಬರಿನ ಒಂದು ತೀರ್ಪಿನಲ್ಲಿ ಹೇಳಿತು. ಅಪರಾಧವನ್ನೇ ರೂಢಿ ಮಾಡಿಕೊಂಡವರ ವಿಷಯದಲ್ಲಿ ಎಚ್ಚರವಿರಬೇಕೆಂದೂ ಅದರಲ್ಲಿಯೇ ಹೇಳಿತು. ಇದಕ್ಕೂ ಬಹಳ ಹಿಂದೆ, 1979ರಲ್ಲಿ, ಜೀವಾವಧಿ ಶಿಕ್ಷೆಯಾದ ಇಬ್ಬರು ತರುಣರ ಮೊಕದ್ದಮೆಯಲ್ಲಿ ಅದೇ ನ್ಯಾಯಾಲಯವು ಅವರನ್ನು ಬಯಲು ಸೆರೆಮನೆಯಲ್ಲಿಡಲು, ವರ್ಷಕ್ಕೊಮ್ಮೆ ಎರಡು ವಾರ ಪೆರೋಲಿನ ಮೇಲೆ ಮನೆಗೆ ಕಳುಹಿಸಲು ನಿರ್ದೇಶಿಸಿತ್ತು.

ಬಯಲು ಸೆರೆಮನೆ ಎಂದರೆ ಎತ್ತರದ ಗೋಡೆಯಿಲ್ಲದ ಸೆರೆಮನೆ. ಅದರ ಒಂದು ಹಳೆಯ ಪ್ರಯೋಗ ನಡೆದದ್ದು ನಮಗೆ ಹತ್ತಿರದಲ್ಲಿಯೇ. ಇಂದಿನ ಸಾಂಗಲಿ ಜಿಲ್ಲೆಯಲ್ಲಿ, ನಮ್ಮ ಕನ್ನಡಿಗರಿರುವ ಜತ್ತ ತಾಲೂಕಿಗೆ ದೂರವಲ್ಲದ ಆಟಪಾಡಿಯ ಬಳಿ, ಸ್ವತಂತ್ರಪುರ ಎಂಬ ವಸಾಹತಿದೆ. ಆ ಸೀಮೆ ಆಗ ಔಂಧ ಸಂಸ್ಥಾನಕ್ಕೆ ಸೇರಿತ್ತು. ರಾಜರಾದ ಭವಾನರಾವ್ ಪಂತ ಪ್ರತಿನಿಧಿಯವರು 1939ರ ಸುಮಾರಿಗೆ ಬಂದಿಗಳನ್ನು ಅಲ್ಲಿ ನೆಲೆಗೊಳಿಸಿ, ಬೇಸಾಯದ ಕೆಲಸ ಕೊಟ್ಟು, ಹೆಂಡತಿ ಮಕ್ಕಳೊಡನೆ ಬಾಳಲು ಬಿಟ್ಟರು. ಈ ಪ್ರಯೋಗಕ್ಕೆ ಪ್ರೇರಣೆಯಿತ್ತವರು ಮಾರಿಸ್ ಫ್ರೈಡ್‌ಮನ್ ಎಂಬ ಪೋಲೆಂಡಿನ ಇಂಜಿನಿಯರರು. ಅವರು ಅದಕ್ಕೆ ಮೊದಲು ಬೆಂಗಳೂರಿನಲ್ಲಿ ಮೈಸೂರು ಸರಕಾರದ ವಿದ್ಯುತ್ ಕಾರಖಾನೆಯ ಮುಖ್ಯಸ್ಥರಾಗಿದ್ದರು. ವಿ. ಶಾಂತಾರಾಮರು 1957ರಲ್ಲಿ ತೆಗೆದ ‘ದೋ ಆಂಖೇಂ ಬಾರಹ ಹಾಥ್’ ಚಿತ್ರಕ್ಕೆ ಈ ಪ್ರಯೋಗವೇ ಸ್ಫೂರ್ತಿ. ಚಿತ್ರವು 1958ರಲ್ಲಿ ಬರ್ಲಿನ್ ಉತ್ಸವದಲ್ಲಿ ಮನ್ನಣೆ ಪಡೆಯಿತು. ಆರು ಮಂದಿ ಕೊಲೆಗಾರರನ್ನು ನಂಬಿ ಬಯಲಿಗೆ ಕರೆದೊಯ್ದ ಜೈಲರನ ಕಥೆ ಅದು. ನಿಮ್ಮಲ್ಲಿ ನೋಡದವರು ತಾಯಿತಂದೆಗಳೊಡನೆ ಕುಳಿತು ನೋಡಬೇಕು.

ಈಚಿನ ಒಂದು ಸಂಗತಿಯನ್ನೂ ಹೇಳುತ್ತೇವೆ. 2020ರಲ್ಲಿ ಕೊರೋನಾ ರೋಗ ಹಬ್ಬಿದಾಗ ಕಿಕ್ಕಿರಿದ ಸೆರೆಮನೆಗಳಲ್ಲಿ ಸಾವು ನುಗ್ಗುವ ಭಯ ಉಂಟಾಯಿತು. ಯಾವ ಬಂದಿಗಳನ್ನು ತಾತ್ಕಾಲಿಕವಾಗಿ ಬಿಡಬಹುದೆಂದು ನಿರ್ಣಯಿಸಲು ಪ್ರತಿ ರಾಜ್ಯದಲ್ಲಿಯೂ ಉನ್ನತಾಧಿಕಾರ ಸಮಿತಿಯನ್ನು ರಚಿಸಬೇಕೆಂದು ಸರ್ವೋಚ್ಚ ನ್ಯಾಯಾಲಯವು ಮಾರ್ಚ್ 23ರಂದು ಆಜ್ಞಾಪಿಸಿತು. ಮಹಾರಾಷ್ಟ್ರವು ಮೇ 8ರಂದು ನಿಯಮವನ್ನು ತಿದ್ದಿ, ಮೊದಲು 45 ದಿನ, ರೋಗದ ಘೋಷಣೆ ಜಾರಿಯಲ್ಲಿರುವವರೆಗೆ ಮತ್ತೆ ಮೂವತ್ತು ಮೂವತ್ತು ದಿನಗಳಂತೆ ತುರ್ತು ಪೆರೋಲಿಗೆ ಅವಕಾಶ ಮಾಡಿತು. 2023ರ ಮಾರ್ಚ್ 24ರಂದು, ಹೀಗೆ ರೋಗದ ಕಾರಣದಿಂದ ಹೊರಗೆ ಬಂದವರು ಹದಿನೈದು ದಿನಗಳೊಳಗೆ ಶರಣಾಗಬೇಕೆಂದು ಸರ್ವೋಚ್ಚ ನ್ಯಾಯಾಲಯವು ಆಜ್ಞೆ ಮಾಡಿತು. ದೇಶಕ್ಕೆ ಬಂದ ಆಪತ್ತಿನಲ್ಲಿ ಬಾಗಿಲು ತೆರೆಯಿತು. ಆಪತ್ತು ಕಳೆದ ಮೇಲೆ ಮಾತನ್ನು ಉಳಿಸಿಕೊಳ್ಳಬೇಕಾಯಿತು.

ಈ ಮಾತನ್ನು ಉಳಿಸಿಕೊಳ್ಳುವುದರಿಂದ ಯಾರಿಗೆ ಲಾಭ? ಮೊದಲು ಅವನಿಗೇ. ಅದಕ್ಕಿಂತ ಹೆಚ್ಚಾಗಿ ಅವನ ಹಿಂದೆ ಸಾಲಿನಲ್ಲಿ ನಿಂತವರಿಗೆ. ಒಬ್ಬನು ರಜೆ ಮುಗಿದ ದಿನ ಬಾರದೆ ತಲೆಮರೆಸಿಕೊಂಡರೆ ಮುಂದಿನ ಅರ್ಜಿಯ ಮೇಲೆ ಬರೆಯುವ ಅಧಿಕಾರಿಯ ಕೈ ಹಿಂಜರಿಯುತ್ತದೆ. ಊರಿನ ಜನ ಜಾಮೀನು ನಿಲ್ಲಲು ಹೆದರುತ್ತಾರೆ. ಇನ್ನಾವುದೋ ಹಳ್ಳಿಯಲ್ಲಿ ಒಬ್ಬ ಮುದುಕಿ ಮಗನ ಮುಖ ನೋಡದೆ ಕಣ್ಣು ಮುಚ್ಚುತ್ತಾಳೆ. ಹೇಳಿದ ಹೊತ್ತಿಗೆ ಸೆರೆಮನೆಯ ಬಾಗಿಲಿಗೆ ಬಂದು ನಿಲ್ಲುವವನು ತನ್ನಂತಹ ನೂರು ಜನರ ದಾರಿಯನ್ನು ತೆರೆದಿಡುತ್ತಾನೆ. ಉತ್ತರದ ಮೂರನೆಯ ಭಾಗ ಇದು.

ಪಾಲಕರೇ, ಇನ್ನು ನಿಮ್ಮೊಡನೆ ಎರಡು ಮಾತು. ಸೆರೆಯಲ್ಲಿರುವ ಯಾವ ವ್ಯಕ್ತಿಗೂ, ಅವನ ಆದಾಯವನ್ನು ನೋಡದೆ, ಉಚಿತ ಕಾನೂನು ನೆರವು ಪಡೆಯುವ ಅಧಿಕಾರವನ್ನು 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯದೆ ಕೊಟ್ಟಿದೆ. ಜಿಲ್ಲೆಯ ನ್ಯಾಯಾಲಯದ ಆವರಣದಲ್ಲಿ ಆ ಪ್ರಾಧಿಕಾರದ ಕಚೇರಿಯನ್ನು ವಿಚಾರಿಸಬಹುದು. ರಜೆ ಕೊಡಿಸುವೆನೆಂದು ಹಣ ಕೇಳುವ ದಲ್ಲಾಳಿಗಳ ಕೈಗೆ ಸಿಕ್ಕಬೇಡಿರಿ. ನಿರಾಕರಣೆಯ ಕಾಗದ ಬಂದರೆ ಅದರಲ್ಲಿ ಬರೆದ ಕಾರಣವನ್ನು ಓದಿಸಿ ತಿಳಿಯಿರಿ. ಕಾರಣ ನ್ಯಾಯವಲ್ಲವೆಂದು ತೋರಿದರೆ ಉಚ್ಚ ನ್ಯಾಯಾಲಯದವರೆಗೂ ಹೋಗುವ ದಾರಿಯಿದೆ. ರಜೆ ಹಕ್ಕಲ್ಲದಿರಬಹುದು; ಅರ್ಜಿಯನ್ನು ನಿಯಮದಂತೆ, ಮನಸ್ಸಿಟ್ಟು ನೋಡಬೇಕೆಂದು ಕೇಳುವುದಕ್ಕೆ ಯಾವ ಅಡ್ಡಿಯೂ ಇಲ್ಲ.

ಗಡಿಯಲ್ಲಿ ಬಾಳುವ ನಮಗೆ ಇನ್ನೊಂದು ತೊಡಕುಂಟು. ಮನೆಯ ಮಾತು ಕನ್ನಡ, ಕಚೇರಿಯ ಮಾತು ಮರಾಠಿ. ದಿನಾಂಕವೊಂದನ್ನು ಓದಲಾಗದೆ ತಪ್ಪಿಸಿಕೊಂಡರೆ ಇಂತಹ ವಿಷಯದಲ್ಲಿ ಅದರ ಬೆಲೆ ಬಹಳ.  ಕನ್ನಡ ಶಾಲೆಯ ಮಕ್ಕಳು ಮರಾಠಿಯನ್ನೂ ಚೆನ್ನಾಗಿ ಕಲಿಯಬೇಕೆಂದು ನಾವು ಹೇಳುವುದು ಇದಕ್ಕಾಗಿಯೂ ಹೌದು. ಮೇಲಿನ ತರಗತಿಯ ವಿದ್ಯಾರ್ಥಿಗಳೇ, ನೆರೆಮನೆಯ ತಾಯಿ ಒಂದು ಕಾಗದವನ್ನು ತಂದರೆ ಓದಿ, ಅರ್ಥ ಹೇಳಿ, ಮುಖ್ಯ ದಿನಾಂಕವನ್ನು ಕನ್ನಡದಲ್ಲಿ ಬರೆದುಕೊಡಿರಿ. ಅದರಲ್ಲಿದ್ದುದನ್ನು ಇನ್ನೊಬ್ಬರ ಮುಂದೆ ಆಡಬೇಡಿರಿ.

ಕೊನೆಯದಾಗಿ ಪುಣ್ಯಕೋಟಿಯ ಕರುವಿನ ಮಾತು. ಹಸು ತಿರುಗಿ ಹುಲಿಯ ಬಳಿಗೆ ಹೋಗುವಾಗ ಕರುವನ್ನು ಯಾರಿಗೆ ಒಪ್ಪಿಸಿತು? ದೊಡ್ಡಿಯಲ್ಲಿದ್ದ ಅಕ್ಕತಂಗಿಯರಿಗೆ. ಮುಂದೆ ಬಂದರೆ ಹಾಯಬೇಡಿ, ಹಿಂದೆ ಬಂದರೆ ಒದೆಯಬೇಡಿ ಎಂಬ ಆ ತಾಯಿಯ ಮನಸ್ಸನ್ನು ನೀವೆಲ್ಲ ಬಲ್ಲಿರಿ. ತಂದೆಯೋ ತಾಯಿಯೋ ಸೆರೆಯಲ್ಲಿರುವ ಒಂದು ಮಗು ಯಾವ ಶಾಲೆಯಲ್ಲಾದರೂ ಇರಬಹುದು; ಯಾರೆಂದು ಹುಡುಕಲು ಹೋಗಬೇಡಿರಿ. ತಿಳಿದಿದ್ದರೆ, ಆ ಮಾತನ್ನೆತ್ತಿ ಹಂಗಿಸಬೇಡಿರಿ. ತಪ್ಪು ಮಾಡಿದವನಿಗೆ ನ್ಯಾಯಾಲಯ ಶಿಕ್ಷೆ ಕೊಟ್ಟಿದೆ. ಅವನ ಮಗುವಿಗೆ ಯಾವ ನ್ಯಾಯಾಲಯವೂ ಶಿಕ್ಷೆ ಕೊಟ್ಟಿಲ್ಲ. ನಾವು ಕೊಡುವುದು ಎಲ್ಲಿಯ ನ್ಯಾಯ? ತಂದೆ ಹದಿನಾಲ್ಕು ದಿನಕ್ಕೆ ಮನೆಗೆ ಬಂದಾಗ ಊರವರು ಬಾಗಿಲು ಹಾಕಿಕೊಂಡು ಒಳಗೆ ಸೇರಿದರೆ, ತಿದ್ದಿಕೊಂಡು ಬಾಳಬೇಕೆಂಬ ಆಸೆ ಅವನಲ್ಲಿ ಹೇಗೆ ಉಳಿದೀತು?

ಆ ಹುಡುಗನ ತಂದೆಗೆ ರಜೆ ಮಂಜೂರಾಯಿತು. ಊರಿನ ಹಿರಿಯರೊಬ್ಬರು ಜಾಮೀನು ನಿಂತರು. ಹದಿನಾಲ್ಕು ದಿನಗಳಲ್ಲಿ ಅವನು ಮನೆಯ ಮಾಳಿಗೆಗೆ ಹೊಸ ಮಣ್ಣು ಹಾಕಿದನು, ಮಗನನ್ನು ಶಾಲೆಯ ಬಾಗಿಲವರೆಗೆ ದಿನವೂ ಕರೆತಂದು ಬಿಟ್ಟನು. ಗೊತ್ತಾದ ದಿನಕ್ಕೆ ಒಂದು ದಿನ ಮುಂಚೆಯೇ ಬಸ್ಸು ಹತ್ತಿದನು. ತಡವಾಗಬಾರದೆಂದು ಅವನೇ ಹಾಗೆ ಹೊರಟನೆಂದು ತಾಯಿ ಬಂದು ನಮಗೆ ಹೇಳಿದಳು. ಮರುದಿನ ಹುಡುಗ ಶಾಲೆಗೆ ಹೋದನೇ ಎಂದು ನಾವು ಕೇಳಿದೆವು. “ಹೋದ್ನರಿ. ಅಪ್ಪ ಕೊಟ್ಟ ಮಾತು ಉಳಿಸ್ಕೊಂಡಾನ, ನಾ ಯಾಕ ಮನ್ಯಾಗ ಕೂಡ್ಲಿ ಅಂದ” ಎಂದಳು.

ಆ ಹುಡುಗನಿಗೆ ನಮ್ಮ ಉತ್ತರದ ಅಗತ್ಯ ಉಳಿಯಲಿಲ್ಲವೆಂದು ತೋರುತ್ತದೆ. ಆದರೂ ಹೇಳಿದೆವು, ನಿಮ್ಮಲ್ಲಿ ಯಾರಿಗಾದರೂ ಬೇಕಾಗಬಹುದು.